ನೀಲಿ ಮಣಿಯ ಸರದಿ

ಸವತಿಯನ್ನು ಹೊಗಳುವ ಕಾಲ ನನಗೆ ಬರುತ್ತದೆಂದು ಯಾರಾದರೂ ಹೇಳಿದ್ದರೆ ಅವರ ಮುಖಕ್ಕೆ ಚಹಾ ಎರಚುತ್ತಿದ್ದೆ. ಇಪ್ಪತ್ತೆಂಟು ವರ್ಷ ನೂಂಕಿಪಾಳ ಪಕ್ಕದ ಮನೆಯಲ್ಲಿ ಬಾಳಿದ್ದೇನೆ. ನಮ್ಮಿಬ್ಬರ ಗಂಡ ತುಂಪೆಸ್ ತೀರಿಕೊಂಡು ಒಂಬತ್ತು ವರ್ಷವಾಯಿತು. ಅವನಿದ್ದಾಗ ಅವನ ಮೇಲೆ ಹಾಕುತ್ತಿದ್ದ ಸಿಟ್ಟನ್ನೂ ಆಮೇಲೆ ಇವಳ ಮೇಲೆಯೇ ಹಾಕುತ್ತಾ ಬಂದೆ. ನನ್ನ ಕೋಪ ಮೂಗಿನ ತುದಿಯಲ್ಲಿರುತ್ತದೆ, ಅದು ಸುಸ್ವಾ ಬೆಟ್ಟಕ್ಕೆಲ್ಲ ಗೊತ್ತು. ಅವಳ ಕೋಪ ಎಲ್ಲಿರುತ್ತದೋ ಯಾರಿಗೂ ಗೊತ್ತಿಲ್ಲ. ಹತ್ತು ಮಾತಿಗೆ ಒಂದು ಮಾತು ವಾಪಸ್ ಕೊಡುವ ಹೆಂಗಸು ಅವಳು, ಅದೂ ಮನಸ್ಸು ಬಂದರೆ.

ನಮ್ಮ ಬೆಟ್ಟದ ಮೇಲೆ ಹೊಳೆಯಿಲ್ಲ, ಬಾವಿಯಿಲ್ಲ. ಬೆಟ್ಟ ಬಿಡುವ ಹಬೆಯೇ ನಮ್ಮ ನೀರು. ಹಬೆ ಏಳುವ ಬಿರುಕಿಗೆ ಪೈಪು ತೂರಿಸಿ ಸುತ್ತ ಕಲ್ಲಿಟ್ಟು ಜೇಡಿಮಣ್ಣು ಮೆತ್ತುತ್ತೇವೆ. ಹಬೆ ಪೈಪಿನುದ್ದಕ್ಕೂ ಇಳಿದು, ತಣ್ಣಗಾಗಿ, ಈ ತುದಿಯಲ್ಲಿ ನೀರಾಗಿ ಬೀಳುತ್ತದೆ. ಬೆಳಗಿನ ಚಳಿಯಲ್ಲಿ ಹೆಚ್ಚು ಬೀಳುತ್ತದೆ, ಆದ್ದರಿಂದ ಕತ್ತಲು ಹರಿಯುವ ಮೊದಲೇ ಹೋಗಿ ಕೂರಬೇಕು. ಬೆಟ್ಟ ನೋಡಲು ಬಂದವರು ಡೇರೆ ಹಾಕುವ ಡೇರೆಬಯಲಿನ ಪಕ್ಕ ಹದಿನೇಳು ಹಬೆಬಾಯಿಗಳಿವೆ. ಒಂದೇ ಒಂದು ಮಾತ್ರ ದೂರದಲ್ಲಿ, ಬೆಟ್ಟದ ದೊಡ್ಡ ಕುಳಿಯೊಳಗಿರುವ ಒಳಕುಳಿಯ ಅಂಚಿನಲ್ಲಿದೆ. ಯಾವ ಬಾಯಿಯ ಸರದಿ ಯಾವ ಮನೆಯವಳದು ಎಂಬುದನ್ನು ಹೆಂಗಸರೇ ಹಂಚಿಕೊಂಡಿದ್ದಾರೆ. ಸರದಿಯವಳು ಒಪ್ಪದೆ ಆ ಬಾಯಿಯ ಒಂದು ಕಲ್ಲನ್ನೂ ಯಾರೂ ಕದಲಿಸುವಂತಿಲ್ಲ, ಗಂಡಸರಂತೂ ಮೊದಲೇ ಕದಲಿಸುವಂತಿಲ್ಲ. ಹಾಗೆಯೇ, ಮೂರು ಸಲ ಸರದಿ ತಪ್ಪಿಸಿದವಳ ಬಾಯಿ ಬೇರೆ ಮನೆಗೆ ಹೋಗುತ್ತದೆ.

ನಾವೆಲ್ಲ ಎಷ್ಟು ಸೋರೆಬುರುಡೆ ನೀರು ಹಿಡಿದೆವೆಂದು ಬೆಣಚುಕಲ್ಲು ಇಟ್ಟು ಎಣಿಸುತ್ತೇವೆ. ನೂಂಕಿಪಾಳದು ಬೇರೆಯೇ ರೀತಿ. ನಾನು ಮದುವೆಯಾಗಿ ಬರುವ ಮೊದಲೇ ತೀರಿಕೊಂಡಿದ್ದ ನಮ್ಮ ಅತ್ತೆ ಅವಳಿಗೆ ಅದನ್ನು ಕಲಿಸಿದ್ದಳಂತೆ. ಅತ್ತೆಯದೇ ಪುಟ್ಟ ಸೋರೆಬುರುಡೆಯನ್ನು ಪೈಪಿನ ಬಾಯಿಗೆ ಹಿಡಿಸಿ ಮಣಿ ಪೋಣಿಸಲು ಕೂರುತ್ತಾಳೆ. ಬುರುಡೆ ತುಂಬುವ ತನಕ ಬಿಳಿ ಮಣಿ. ತುಂಬಿದ ಕೂಡಲೇ ಒಂದು ಕೆಂಪು. ಬುರುಡೆಯನ್ನು ಡಬ್ಬಕ್ಕೆ ಸುರಿದು ಮತ್ತೆ ಹಿಡಿಸಿ ಮತ್ತೆ ಬಿಳಿ. ಮನೆಗೆ ಬರುವ ಹೊತ್ತಿಗೆ ಡಬ್ಬ ತುಂಬಿರುತ್ತದೆ, ಕೈಯಲ್ಲಿ ಒಂದು ಸರವೂ ಇರುತ್ತದೆ.

ನನ್ನ ದೂರು ಇದ್ದದ್ದು ಆ ಸರಗಳ ಬಗ್ಗೆಯೇ. ಡೇರೆಬಯಲಿನಲ್ಲಿ ಕೂತು ಪೋಣಿಸಿದ ಸರಗಳಲ್ಲಿ ಕೆಂಪು ಮಣಿ ಒಂದರಲ್ಲಿ ಒತ್ತೊತ್ತಾಗಿ, ಇನ್ನೊಂದರಲ್ಲಿ ದೂರ ದೂರವಾಗಿ ಬಂದು ನೋಡಲು ಚೆಂದ ಇರುತ್ತಿದ್ದವು. ಅವನ್ನು ಮಾರುತ್ತಿದ್ದಳು. ಒಳಕುಳಿಯ ಬಾಯಿಯ ಹತ್ತಿರ ಕೂತು ಮಾಡಿದವು ಮಾತ್ರ ಯಾವಾಗ ಮಾಡಿದರೂ ಮೊದಲಿಂದ ಕೊನೆಯ ತನಕ ಒಂದೇ ಸಮ. ನಲವತ್ತು ಬಿಳಿ, ಒಂದು ಕೆಂಪು, ನಲವತ್ತು ಬಿಳಿ, ಒಂದು ಕೆಂಪು. ಯಾರಿಗೆ ಬೇಕು ಅದು? ಯಾರಿಗೂ ಬೇಡವಾದದ್ದನ್ನು ವರ್ಷಕ್ಕೆರಡು ತಂದು ನನ್ನ ಬಾಗಿಲಿಗೆ ನೇತುಹಾಕುತ್ತಿದ್ದಳು. ಬೇಸಿಗೆಯ ಕೊನೆಗೊಂದು, ದೊಡ್ಡ ಮಳೆ ಮುಗಿದ ಮೇಲೊಂದು. ಬೇರೆ ಯಾವುದೋ ಸರದಲ್ಲಿ ಮಿಕ್ಕದ್ದು ಎಂಬಂತೆ ತುದಿಗೊಂದು ನೀಲಿ ಮಣಿ ಬೇರೆ. ಹಳಸಿದ ಗಂಜಿ ನಾಯಿಗೆ ಹಾಕಿದ ಹಾಗೆ ಅಂದುಕೊಂಡು ನಾನು ಅವನ್ನು ಒಂದು ದಿನವೂ ಕೊರಳಿಗೆ ಹಾಕಲಿಲ್ಲ.

ಅದಕ್ಕಿಂತ ಹಳೆಯ ದೂರು ಇನ್ನೊಂದಿದೆ. ಆ ಒಳಕುಳಿಯ ಬಾಯಿ ಮೊದಲಿಗೆ ನನ್ನ ಸರದಿಯದು. ಹೊಸದಾಗಿ ಬಂದ ಹೆಂಡತಿಗೆ ದೂರದ್ದೇ ಸಿಗುವುದು. ಮದುವೆಯಾದ ವರ್ಷ, ಹೊಟ್ಟೆಯಲ್ಲಿ ನಾಲ್ಕು ತಿಂಗಳ ಮಗು, ಚಳಿಯಲ್ಲಿ ಅಲ್ಲಿ ಕೂತಿದ್ದೆ. ಹನಿಹನಿಯಾಗಿ ಬೀಳುವ ನೀರು ನೋಡಿ ನೋಡಿ ತಲೆ ಕೆಟ್ಟಿತು. ಬಾಯಿ ದೊಡ್ಡದು ಮಾಡಿದರೆ ಹೆಚ್ಚು ನೀರು ಬಂದೀತು ಅಂದುಕೊಂಡು ಮೆತ್ತಿದ ಮಣ್ಣು ಕಿತ್ತು ಕಲ್ಲು ಎತ್ತಿಬಿಟ್ಟೆ. ಬುಸ್ಸೆಂದು ಬಂದ ಹಬೆ ಬಲಗೈಯನ್ನು ಮೊಣಕೈವರೆಗೆ ಬೇಯಿಸಿಬಿಟ್ಟಿತು. ನನ್ನ ಕೂಗು ಕೇಳಿ ಓಡಿ ಬಂದವಳು ನೂಂಕಿಪಾ. ಬೆನ್ನ ಮೇಲೆ ಹೊತ್ತು ಮನೆ ಸೇರಿಸಿದಳು. ದಾರಿಯುದ್ದಕ್ಕೂ ಬೈದಳು. ಅವಳು ಅಷ್ಟೊಂದು ಮಾತಾಡಿದ್ದನ್ನು ನಾನು ಕೇಳಿದ್ದು ಅದೊಂದೇ ಸಲ.

"ಹುಚ್ಚು ಮುಂಡೇದೇ, ಬೆಟ್ಟದ ಬಾಯಿಗೆ ಕೈ ಹಾಕ್ತೀಯಾ? ಇನ್ನು ಆ ಕಡೆ ಕಾಲಿಟ್ರೆ ಕಾಲು ಮುರಿದು ಮೂಲೇಲಿ ಕೂರಿಸ್ತೀನಿ, ನೋಡ್ತಿರು!"

ಕೈ ವಾಸಿಯಾಯಿತು, ಬೆರಳು ಮಾತ್ರ ಪೂರ್ತಿ ಮಡಚಲಿಲ್ಲ. ಮಗು ಚೆನ್ನಾಗಿಯೇ ಹುಟ್ಟಿತು, ಅವಳೇ ನನ್ನ ಸಿಲಾಂತೋಯಿ. ಆದರೆ ಸರದಿಯ ಜಾಗಕ್ಕೆ ನಾನು ಮತ್ತೆ ಹೋಗಲಿಲ್ಲ. ತನ್ನ ಸರದಿಯ ಜೊತೆಗೆ ನನ್ನದಕ್ಕೂ ನೂಂಕಿಪಾಳೇ ಹೋಗಿ ಕೂತಳು. ಆ ದಿನಗಳಲ್ಲಿ ನೀರಿನ ಡಬ್ಬ ನನ್ನ ಬಾಗಿಲಲ್ಲಿ ಇರುತ್ತಿತ್ತು. ನಾನು ಅದನ್ನು ಕಂಡ ರೀತಿಯೇ ಬೇರೆ. ನನ್ನ ಸರದಿ ನುಂಗಿ, ನನಗೇ ನೀರು ಭಿಕ್ಷೆ ಹಾಕುತ್ತಿದ್ದಾಳೆ ಅಂದುಕೊಂಡೆ. ಇಪ್ಪತ್ತೆಂಟು ವರ್ಷ ಆ ನೀರು ಕುಡಿದೆ, ಆ ಸಿಟ್ಟನ್ನೂ ಕುಡಿದೆ.

ಈಗ ಡೇರೆಬಯಲಿನ ಮಾತು. ನೈರೋಬಿಯಿಂದ ವಾರದ ಕೊನೆಗೆ ಜನ ಬರುತ್ತಾರೆ. ಮಣಭಾರ ಬೆನ್ನಿಗೆ ಕಟ್ಟಿಕೊಂಡು ದೊಡ್ಡ ಕುಳಿಯ ಅಂಚಿನ ಮೇಲೆ ಇಡೀ ದಿನ ನಡೆಯುತ್ತಾರೆ, ಗುಹೆಗೆ ಇಳಿದು ಕೋತಿಗಳನ್ನು ನೋಡಿ ಕಿರುಚುತ್ತಾರೆ, ಸಂಜೆ ಬಯಲಲ್ಲಿ ಡೇರೆ ಹಾಕಿಕೊಂಡು ಮಲಗುತ್ತಾರೆ. ಮೊದಮೊದಲು ನಾನು ಅವರನ್ನು ಕೇಳಿದ್ದೆ, ಯಾವ ಹಸು ತಪ್ಪಿಸಿಕೊಂಡಿತು ಅಂತ. ಹಸು ಏನಿಲ್ಲ, ಸುಮ್ಮನೆ ನಡೆಯುತ್ತಿದ್ದೇವೆ ಎಂದರು. ಸುಮ್ಮನೆ! ಹಸು ಕಳೆಯದೆ ಬೆಟ್ಟ ಸುತ್ತುವವರನ್ನು ಆ ದೇವರು ಎಂಕಾಯ್ ಯಾಕೆ ಹುಟ್ಟಿಸಿದನೋ. ಆದರೂ ಅವರು ಬಂದದ್ದು ಒಳ್ಳೆಯದೇ ಆಯಿತು. ಸಿಲಾಂತೋಯಿ ಅವರಿಗೆ ದಾರಿ ತೋರಿಸುತ್ತಾಳೆ, ಈ ಬೆಟ್ಟದಲ್ಲಿ ಅವಳಷ್ಟು ದಾರಿ ಬಲ್ಲವರು ಬೇರೆ ಇಲ್ಲ. ನಾವು ಹೆಂಗಸರು ಹಬೆನೀರಿನ ಚಹಾ ಮಾಡಿ ಮಾರುತ್ತೇವೆ, ಸರ ಮಾರುತ್ತೇವೆ. ನಲವತ್ತು ಮನೆಗಳ ನೀರೂ ಅಲ್ಲೇ, ಕೈಗೆ ನಾಲ್ಕು ಕಾಸು ಬರುವುದೂ ಅಲ್ಲೇ.

ಹೋದ ವರ್ಷ ಆ ಬಯಲಲ್ಲಿ ಕೆಂಪು ಬಟ್ಟೆ ಕಟ್ಟಿದ ಗೂಟಗಳು ಎದ್ದವು.

ಬೆಟ್ಟದ ಹೊಟ್ಟೆಯ ಬಿಸಿಯಿಂದ ಕರೆಂಟು ತೆಗೆಯುತ್ತಾರಂತೆ ಎಂಬ ಸುದ್ದಿ ನಮಗೆ ಹೊಸದೇನಲ್ಲ. ಆಚೆ ಬೆಟ್ಟಗಳಲ್ಲಿ ತೆಗೆಯುತ್ತಿದ್ದಾರೆ, ರಾತ್ರಿ ಅಲ್ಲಿಯ ದೀಪ ಇಲ್ಲಿಗೆ ಕಾಣುತ್ತದೆ. ನಮ್ಮ ಮನೆಗಳಿಗೂ ದೀಪ ಬರುತ್ತದಾದರೆ ಬರಲಿ, ಯಾರು ಬೇಡವೆಂದರು? ಆದರೆ ಗೂಟ ಹೊಡೆದದ್ದು ಡೇರೆಬಯಲಿಗೆ. ಬಿಸಿ ಹಬೆ ತೆಗೆಯುವ ಮೊದಲ ಬಾವಿ ಅಲ್ಲೇ ಕೊರೆಯುವುದು, ಸುತ್ತ ಬೇಲಿ, ಯಂತ್ರಕ್ಕೆ ರಸ್ತೆ. ಹದಿನೇಳು ಪೈಪುಗಳನ್ನೂ ಕೀಳಬೇಕು. ಅಷ್ಟು ಹಬೆ ಒಂದೇ ಕಡೆ ಏಳುತ್ತಿದೆಯೆಂದರೆ ಬೆಟ್ಟದ ಒಲೆ ಅದರ ಕೆಳಗೇ ಇರಬೇಕು ಎಂಬುದು ಕರೆಂಟು ಕಂಪನಿಯವರ ಲೆಕ್ಕ. ಹಬೆಬಾಯಿ ಮುಟ್ಟಬೇಕಾದರೆ ಹೆಂಗಸರ ಒಪ್ಪಿಗೆ ಬೇಕೆಂದು ನಮ್ಮ ಬೆಟ್ಟದ ಸಮಿತಿಯ ಅಧ್ಯಕ್ಷ ಓಲೆ ನಂಪಾಸೊ ಕಂಪನಿಗೆ ಹೇಳಿದ್ದರು. ಅದಕ್ಕೆ ನಮ್ಮನ್ನು ಒಪ್ಪಿಸಲು, ಕಲ್ಲುಮಣ್ಣು ಪರೀಕ್ಷೆ ಮಾಡಲು ಕವಿನ್ಯಾ ಎಂಬ ಹುಡುಗಿಯನ್ನು ಕಂಪನಿಯವರು ಕಳಿಸಿದರು. ಕಾಂಬಾ ಜನಾಂಗದವಳು, ಮೂವತ್ತರ ಪ್ರಾಯ, ಗಂಡಸರ ಬೂಟು, ತಲೆಗೊಂದು ಹಳದಿ ಟೋಪಿ. ಬಂದ ದಿನವೇ ನಾನು ಅವಳ ಮೇಲೆ ಹರಿಹಾಯ್ದೆ.

"ನಮ್ಮ ಪೈಪು ಕಿತ್ತು ನಿಮ್ಮ ದೀಪ ಹಚ್ತೀರಾ? ದೀಪ ಕುಡಿಯೋಕಾಗುತ್ತೇನಮ್ಮ?"

"ನೀರು ಲಾರೀಲಿ ತರಿಸ್ತಾರಂತೆ ಅಮ್ಮ."

"ಲಾರಿ! ಮಳೆ ಬಂದ್ರೆ ನಿಮ್ಮ ಲಾರಿ ಬೆಟ್ಟ ಹತ್ತುತ್ತಾ? ಕತ್ತೆನೇ ಜಾರಿ ಬೀಳುತ್ತೆ ಇಲ್ಲಿ. ಬಂದುಬಿಟ್ಲು ಲಾರಿ ತರೋಳು."

ಅವಳು ತಿರುಗಿ ಜಗಳವಾಡಲಿಲ್ಲ. "ನಂಗೂ ಆ ಜಾಗ ಸರಿ ಅನ್ನಿಸ್ತಿಲ್ಲ ಅಮ್ಮ," ಎಂದಳು. "ಆದ್ರೆ ನನಗೆ ಅನ್ನಿಸಿದ್ರೆ ಸಾಲದು, ಮೇಲಿನವರಿಗೆ ತೋರಿಸ್ಬೇಕು. ಈ ಹಬೆ ಮಳೆನೀರು ಬಿಸಿಯಾಗಿ ಬರ್ತಿರೋದೋ, ಆಳದಿಂದ ಬರ್ತಿರೋದೋ ಗೊತ್ತಾಗ್ಬೇಕು. ಮಳೆನೀರಿನದಾದ್ರೆ ಬರಗಾಲದಲ್ಲಿ ಕಮ್ಮಿಯಾಗುತ್ತೆ. ಆಳದ್ದಾದ್ರೆ ಬರ ಬಂದ್ರೂ ಮಳೆ ಬಂದ್ರೂ ಒಂದೇ ಸಮ ಇರುತ್ತೆ. ಅದಕ್ಕೆ ಹತ್ತಾರು ವರ್ಷ ಅಳೆದಿಟ್ಟಿರ್ಬೇಕು. ನನಗೆ ಕೊಟ್ಟಿರೋದು ಮೂರು ತಿಂಗಳು."

"ಬರಗಾಲದಲ್ಲಿ ಕಮ್ಮಿ ಆಗುತ್ತೆ ಅಂತ ನಾನೇ ಹೇಳ್ತೀನಿ, ಬರ್ಕೋ."

"ಎಷ್ಟು ಕಮ್ಮಿ? ಯಾವ ವರ್ಷ?"

ಕಮ್ಮಿ ಅಂದರೆ ಕಮ್ಮಿ. ಅದಕ್ಕೂ ಅಳತೆ ಇರುತ್ತದೆಂದು ಯಾರಿಗೆ ಗೊತ್ತಿತ್ತು?

ಎರಡು ದಿನದ ಮೇಲೆ ಕವಿನ್ಯಾ ಬೆಳಗಿನ ಚಳಿಯಲ್ಲಿ ಪೈಪುಗಳ ಹತ್ತಿರ ಹೋಗಿದ್ದಾಗ ನೂಂಕಿಪಾ ಕೂತಿದ್ದಳು. ಬಿಳಿ, ಬಿಳಿ, ಬಿಳಿ, ಬುರುಡೆ ತುಂಬಿತು, ಕೆಂಪು. ಹುಡುಗಿ ಒಂದು ಡಬ್ಬ ತುಂಬುವ ತನಕ ಅಲ್ಲಾಡದೆ ನಿಂತು ನೋಡಿದಳಂತೆ. ನಾನು ಚಹಾ ಹೊತ್ತುಕೊಂಡು ಹೋಗುವಷ್ಟರಲ್ಲಿ ಅವಳು ಮೊಣಕಾಲೂರಿ ಕೂತು ನೂಂಕಿಪಾಳ ಕೈಯನ್ನೇ ದಿಟ್ಟಿಸುತ್ತಿದ್ದಳು.

"ಅಮ್ಮ, ಪ್ರತಿ ಸಲವೂ ಇದೇ ಬುರುಡೆನಾ?"

"ಇನ್ಯಾವುದು? ಅತ್ತೇದು."

"ಇದೇ ಹೊತ್ತಿಗಾ?"

"ಬಿಸಿಲಲ್ಲಿ ಕೂರೋಕೆ ನಂಗೇನು ಹುಚ್ಚಾ?"

ಕವಿನ್ಯಾ ಕೈಯಲ್ಲಿದ್ದ ಫೋನು ನೋಡುತ್ತಾ ಅವಳಿಗೆ ಐದು ನಿಮಿಷ ಮಣಿ ಪೋಣಿಸಲು ಹೇಳಿದಳು. ಐವತ್ತೊಂದು. ಮತ್ತೆ ಐದು ನಿಮಿಷ. ಐವತ್ತು. ಮಧ್ಯಾಹ್ನ ಮನೆಗೆ ಬಂದು ಮತ್ತೆ ಪೋಣಿಸಲು ಹೇಳಿದಳು. ಐವತ್ತೆರಡು. ಮಾರನೆಯ ದಿನ ನನ್ನನ್ನು ಪಕ್ಕದಲ್ಲಿ ಕೂರಿಸಿ, ಜಗಳ ತೆಗೆಯಿರಿ ಎಂದಳು. ನನಗೆ ಅದಕ್ಕೆ ಹೇಳಿಕೊಡಬೇಕೇ? ಗಂಡನ ಕಾಲದ ಒಂದು ಆಡಿನ ವ್ಯಾಜ್ಯ ಎತ್ತಿಕೊಂಡು ಚೆನ್ನಾಗಿ ಬೈದೆ. ಐವತ್ತೊಂದು.

"ಈ ಕೈ ನಮ್ಮ ಯಂತ್ರಕ್ಕಿಂತ ವಾಸಿ," ಎಂದು ಕವಿನ್ಯಾ ನಕ್ಕಳು. ಆಮೇಲೆ ನಗು ನಿಲ್ಲಿಸಿ ನಮಗೆ ಬಿಡಿಸಿ ಹೇಳಿದಳು. ಹಬೆ ಜೋರಾಗಿದ್ದರೆ ಬುರುಡೆ ಬೇಗ ತುಂಬುತ್ತದೆ, ಎರಡು ಕೆಂಪಿನ ನಡುವೆ ಬಿಳಿ ಕಡಿಮೆ ಬೀಳುತ್ತದೆ. ಹಬೆ ಸೊರಗಿದರೆ ಬಿಳಿ ಹೆಚ್ಚು. "ಪ್ರತಿ ಸರವೂ ಆ ದಿನದ ಬೆಟ್ಟದ ಅಳತೆ, ಅಮ್ಮ. ಹಳೆಯವು ಎಲ್ಲಿ?"

ನೂಂಕಿಪಾ ನನ್ನ ಮುಖ ನೋಡಿದಳು, ನಾನು ಅವಳ ಮುಖ ನೋಡಿದೆ. ಹಳೆಯವು ಎಲ್ಲಿರುತ್ತವೆ? ಬೆಟ್ಟ ನಡೆಯಲು ಬಂದವರ ಕೊರಳಲ್ಲಿ, ನೈರೋಬಿಯಲ್ಲಿ, ಸಮುದ್ರದಾಚೆ. ಮೂವತ್ತು ವರ್ಷದ ಬೆಟ್ಟವನ್ನು ತುಂಡು ತುಂಡು ಮಾಡಿ ನಾವೇ ಮಾರಿಬಿಟ್ಟಿದ್ದೆವು.

ಸಿಲಾಂತೋಯಿ ಕೈಕಟ್ಟಿ ಕೂರುವವಳಲ್ಲ. ದಾರಿ ತೋರಿಸಿದ ಜನರ ನಂಬರುಗಳೆಲ್ಲ ಅವಳ ಫೋನಿನಲ್ಲಿದ್ದವು. "ನೂಂಕಿಪಾ ದೊಡ್ಡಮ್ಮನ ಹತ್ರ ತಗೊಂಡ ಸರ ಇದ್ರೆ ಫೋಟೋ ಕಳಿಸಿ, ಯಾವ ತಿಂಗಳು ತಗೊಂಡ್ರಿ ಹೇಳಿ" ಎಂದು ಎಲ್ಲರಿಗೂ ಬರೆದಳು. ವಾರದಲ್ಲಿ ಇಪ್ಪತ್ತಾರು ಫೋಟೋ ಬಂದವು. ಒಬ್ಬಳು ನಾಯಿಯ ಕೊರಳಿಗೆ ಹಾಕಿದ್ದಳು, ಒಬ್ಬ ಕಾರಿನ ಕನ್ನಡಿಗೆ ಕಟ್ಟಿದ್ದ. ಕವಿನ್ಯಾ ಒಂದೊಂದನ್ನೂ ದೊಡ್ಡದು ಮಾಡಿ ಮಣಿ ಎಣಿಸಿದಳು. ಮಳೆಯ ತಿಂಗಳಲ್ಲಿ ನಲವತ್ತೈದು, ಬೇಸಿಗೆಯ ಕೊನೆಯಲ್ಲಿ ತೊಂಬತ್ತು, ದನ ಸತ್ತ ಆ ಬರದ ವರ್ಷದ್ದೊಂದರಲ್ಲಿ ನೂರಾ ಹತ್ತು.

"ಡೇರೆಬಯಲಿನ ಹಬೆ ಮಳೆನೀರಿನದು, ಇದು ಖಾತ್ರಿ," ಎಂದಳು. ಆ ಸಂಜೆ ನನ್ನ ಆಡುಮರಿಗಳ ಗೂಡಿನ ಹತ್ತಿರ ಕೂತು ಚಹಾ ಕುಡಿಯುತ್ತಿದ್ದೆವು. "ಆದ್ರೆ ಅರ್ಧ ಕೆಲಸ ಆಯ್ತಷ್ಟೆ. 'ಇಲ್ಲಿ ಬೇಡ' ಅಂದ್ರೆ ಮೇಲಿನವರು 'ಮತ್ತೆಲ್ಲಿ' ಅಂತಾರೆ. ಅದಕ್ಕೆ ಉತ್ತರ ಇಲ್ದಿದ್ರೆ ಇಲ್ಲೇ ಕೊರೀತಾರೆ. ಬರಗಾಲದಲ್ಲೂ ಅಲ್ಲಾಡದ ಒಂದೇ ಒಂದು ಬಾಯಿ ತೋರಿಸೋಕಾದ್ರೆ ಸಾಕಿತ್ತು. ಒಳಕುಳೀದು ಇರ್ಬಹುದು ಅನ್ಸುತ್ತೆ. ಆದ್ರೆ ಅಲ್ಲಿನ ಸರ ಯಾರೂ ಕೊಂಡಿಲ್ಲ."

"ಒಂದೇ ಸಮ ಇರೋದನ್ನ ಯಾರು ಕೊಳ್ತಾರೆ?" ಎಂದು ಸಿಲಾಂತೋಯಿ ನಿಟ್ಟುಸಿರು ಬಿಟ್ಟಳು.

ನನ್ನ ಕೈಯಲ್ಲಿದ್ದ ಲೋಟ ಅಲ್ಲೇ ನಿಂತಿತು. ಆಡುಮರಿ ಗೂಡಿನ ಬಾಗಿಲಿಗೆ ಕಟ್ಟಿದ್ದ ಹಗ್ಗದ ಕಡೆ ಕಣ್ಣು ಹೋಯಿತು. ಅದು ಹಗ್ಗವಲ್ಲ. ಬರದ ವರ್ಷ ಮಣಿ ಕೊಳ್ಳಲು ಗತಿಯಿಲ್ಲದೆ ನೂಂಕಿಪಾ ಒಡೆದ ಬಿಳಿ ಡಬ್ಬ ಕತ್ತರಿಸಿ ಮಣಿ ಮಾಡಿ ಪೋಣಿಸಿ ಕೊಟ್ಟ ಸರ. ಪ್ಲಾಸ್ಟಿಕ್ ಚೂರು ನನಗೆ ಕೊರಳಿಗೆ ಹಾಕಲು ಕೊಡುತ್ತಾಳಲ್ಲ ಎಂದು ಉರಿದುಹೋಗಿ ಅವಳ ಕಣ್ಣೆದುರಿಗೇ ಅದನ್ನು ಆಡಿನ ಬಾಗಿಲಿಗೆ ಬಿಗಿದಿದ್ದೆ. ಬೆಣ್ಣೆ ಕೈಲಿಟ್ಟುಕೊಂಡು ತುಪ್ಪಕ್ಕೆ ಊರೆಲ್ಲ ಅಲೆದರಂತೆ, ಹಾಗಾಯಿತು ನಮ್ಮ ಕಥೆ.

ನಿಜ ಹೇಳುತ್ತೇನೆ, ಒಂದು ಗಳಿಗೆ ಸುಮ್ಮನಿರೋಣ ಅನ್ನಿಸಿತು. ಇದನ್ನು ಹೊರಗೆ ತೆಗೆದರೆ ಊರೆಲ್ಲ ಅವಳನ್ನೇ ಕೊಂಡಾಡುತ್ತದೆ. ಅವಳು ಕೊಟ್ಟದ್ದನ್ನು ನಾನು ಏನು ಮಾಡಿದೆನೆಂಬುದೂ ಎಲ್ಲರಿಗೂ ಕಾಣುತ್ತದೆ. ಆಮೇಲೆ ಹದಿನೇಳು ಪೈಪು ನೆನಪಾದವು, ಬೆಟ್ಟದ ಅಂಚಿನಲ್ಲಿ ಜನರ ಮುಂದೆ ಮುಂದೆ ನಡೆಯುವ ನನ್ನ ಮಗಳ ಬೆನ್ನು ನೆನಪಾಯಿತು. ಎದ್ದು ಹೋಗಿ ಸರ ಬಿಚ್ಚಿದೆ. ಮರಿಗಳೆಲ್ಲ ಹೊರಗೆ ಹಾರಿದವು.

"ಅಮ್ಮಾ, ಮರಿ!" ಎಂದು ಸಿಲಾಂತೋಯಿ ಕೂಗಿದಳು.

"ಹಾಳಾಗಿ ಹೋಗ್ಲಿ ಮರಿ," ಎಂದು ಸರವನ್ನು ಕವಿನ್ಯಾಳ ತೊಡೆಯ ಮೇಲೆ ಹಾಕಿ, ಒಳಗೆ ಹೋಗಿ ಅಟ್ಟದ ಮೂಲೆ, ಹಾಸಿಗೆಯ ಅಡಿ, ಹಳೆಯ ಬುಟ್ಟಿ ಎಲ್ಲಾ ಜಾಲಾಡಿದೆ. ಕೆಲವು ಇಲಿ ಕಡಿದಿದ್ದವು, ಕೆಲವು ದಾರ ಸವೆದು ಚೆಲ್ಲಿಹೋಗಿದ್ದವು. ಇಡಿಯಾಗಿ ಸಿಕ್ಕಿದ್ದು ಮೂವತ್ತೊಂದು. ಹೊಗೆಗೆ ಕಪ್ಪಾಗಿದ್ದವು. ನೂಂಕಿಪಾ ಬಂದು ಒಂದೊಂದನ್ನೂ ಬೆರಳಲ್ಲಿ ಸವರಿ ಹೇಳಿದಳು. ಇದು ಮಿಡತೆ ಬಂದ ವರ್ಷದ್ದು. ಇದು ತುಂಪೆಸ್ ಹೋದ ಬೇಸಿಗೆ. ಇದು ಸಿಲಾಂತೋಯಿ ಶಾಲೆಗೆ ಸೇರಿದಾಗಿನದು. ಕವಿನ್ಯಾ ಎಣಿಸುತ್ತಾ ಹೋದಳು. ನಲವತ್ತು. ನಲವತ್ತೊಂದು. ಮೂವತ್ತೊಂಬತ್ತು. ಬರದ ವರ್ಷದ ಡಬ್ಬದ ಚೂರುಗಳು ನಲವತ್ತೊಂದು.

ಅವಳು ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡಳು. "ಅಲ್ಲಾಡಿಲ್ಲ," ಎಂದಳು. "ಇಪ್ಪತ್ತೆಂಟು ವರ್ಷ ಅಲ್ಲಾಡೇ ಇಲ್ಲ." ಮರಿಗಳನ್ನು ಹಿಡಿದು ತರುವಷ್ಟರಲ್ಲಿ ಬೆಳಕು ಹೋಗಿತ್ತು.

ಒಳಕುಳಿಯ ಅಂಚಿನಲ್ಲಿ ಕವಿನ್ಯಾ ತನ್ನ ಯಂತ್ರ ಕೂರಿಸಿ ಎರಡು ತಿಂಗಳು ಅಳೆದಳು. ಯಂತ್ರವೂ ಮಣಿ ಹೇಳಿದ್ದನ್ನೇ ಹೇಳಿತು. ಆಮೇಲೆ ಎಷ್ಟೋ ಕಾಗದಗಳು ನೈರೋಬಿಗೆ ಹೋದವು, ಬಂದವು. ಕೊನೆಗೊಂದು ದಿನ ಡೇರೆಬಯಲಿನ ಕೆಂಪು ಬಟ್ಟೆಯ ಗೂಟಗಳನ್ನು ಅವರೇ ಬಂದು ಕಿತ್ತರು. ನಾವು ಹೆಂಗಸರು ಕೈಯಲ್ಲಿದ್ದ ಕೆಲಸ ಹಾಗೇ ಬಿಟ್ಟು ಹಾಡು ಹಾಡಿದೆವು. ನಾನು ಗೂಟ ಹೊರುವ ಲಾರಿಯ ಮುಂದೆ ಕುಣಿದೆ, ಮಂಡಿ ನೋವಿದ್ದರೂ.

ಕೊರೆಯುವ ಜಾಗ ಈಗ ಒಳಕುಳಿಯ ಅಂಚು. ಅಲ್ಲಿ ಮನೆಗಳಿಲ್ಲ, ಡೇರೆಯಿಲ್ಲ, ನಡೆಯುವವರ ದಾರಿಯೂ ಇಲ್ಲ. ಇರುವುದು ಒಂದು ಹಬೆಬಾಯಿ. ಓಲೆ ನಂಪಾಸೊ ದೊಡ್ಡ ಜಾಲಿಮರದ ಕೆಳಗೆ ಎಲ್ಲರನ್ನೂ ಸೇರಿಸಿದರು. ಕಂಪನಿಯ ಇಬ್ಬರು ಗಂಡಸರು, ಕವಿನ್ಯಾ, ಬೆಟ್ಟದ ಹಿರಿಯರು, ನಾವೆಲ್ಲ. ನಡುವೆ ಹಾಸಿದ ಹಸುವಿನ ಚರ್ಮದ ಮೇಲೆ ಆ ಮೂವತ್ತೊಂದು ಸರಗಳು.

"ನೂಂಕಿಪಾ, ಆ ಬಾಯಿ ನಿಂದು. ನೀನು ಒಪ್ಪಿದ್ರೆ ಮುಂದಿನ ಮಾತು," ಎಂದರು ಅಧ್ಯಕ್ಷರು.

"ನಂದಲ್ಲ," ಎಂದಳು ಅವಳು.

"ನಿಂದಲ್ದೆ? ಇಷ್ಟು ವರ್ಷ ಅಲ್ಲಿ ಕೂತಿದ್ದು ಯಾರು?"

"ಕೂತವಳು ನಾನು. ಸರದಿ ರೆಸಿಯಾತೊಳದು." ಅವಳು ಗದ್ದ ಚಾಚಿ ನನ್ನನ್ನು ತೋರಿಸಿದಳು. "ಕೈ ಸುಟ್ಕೊಂಡಿದ್ಲಲ್ಲ, ಬಸುರಿ ಬೇರೆ. ಮೂರು ಸಲ ತಪ್ಪಿದ್ರೆ ಬೇರೆ ಮನೆಗೆ ಹೋಗ್ತಿತ್ತು. ಅದಕ್ಕೆ ಅವಳ ಬದ್ಲು ಕೂತೆ. ಆಮೇಲೆ ಬೆರಳು ಮಡಚ್ಲಿಲ್ಲ ಅವಳದು. ಹಾಗೇ ಕೂತೆ."

ಕವಿನ್ಯಾ ಚರ್ಮದ ಮೇಲೆ ಬಗ್ಗಿದಳು. "ಅಮ್ಮ, ಇವೆಲ್ಲಾದರ ತುದೀಲೂ ಒಂದು ನೀಲಿ ಇದೆ. ಮಾರಿದ್ದವುಗಳಲ್ಲಿ ಹಸಿರು ಇತ್ತು."

"ಹಸಿರು ನನ್ನ ಗುರುತು. ನೀಲಿ ಅವಳದು," ಎಂದಳು ನೂಂಕಿಪಾ, ಇದೂ ಕೇಳುವ ಮಾತೇ ಎಂಬಂತೆ. "ಅತ್ತೆ ಹಾಗೆ ಕಲಿಸಿದ್ಲು. ಯಾರ ಸರದಿ ನೀರೋ ಅವರದೇ ಮಣಿ. ಅದಕ್ಕೇ ವರ್ಷಕ್ಕೆರಡು ಅವಳ ಬಾಗಿಲಿಗೆ ಹಾಕ್ತಿದ್ದೆ. ಅವಳದು ಅವಳ ಹತ್ರ ಇರ್ಬೇಕಲ್ಲ. ನಾಳೆ ಯಾರಾದ್ರೂ ಕೇಳಿದ್ರೆ?"

ಇಪ್ಪತ್ತೆಂಟು ವರ್ಷ ಬೆಳಗಿನ ಚಳಿಯಲ್ಲಿ ಅಷ್ಟು ದೂರ ನಡೆದು, ನನ್ನ ಹೆಸರಿನಲ್ಲಿ ಕೂತು, ನನ್ನ ನೀರು ನನಗೆ ತಂದಿಟ್ಟು, ನನ್ನ ಹಕ್ಕಿನ ಗುರುತನ್ನು ನನ್ನ ಬಾಗಿಲಿಗೇ ಕಟ್ಟಿ ಹೋಗಿದ್ದಳು. ನಾನು ಅದನ್ನು ಆಡಿನ ಗೂಡಿಗೆ ಬಿಗಿದಿದ್ದೆ. ನಾಚಿಕೆಯಿಂದ ಮೈಯೆಲ್ಲಾ ಸುಟ್ಟುಹೋಯಿತು, ಆ ಹಬೆಗಿಂತ ಹೆಚ್ಚು. ಅಳು ಬಂತು. ಎಲ್ಲರ ಮುಂದೆ, ಕಂಪನಿಯವರ ಮುಂದೆ, ಮೂಗು ಸೋರಿಸಿಕೊಂಡು ಅತ್ತುಬಿಟ್ಟೆ.

"ಮೊದ್ಲೇ ಯಾಕೆ ಹೇಳ್ಲಿಲ್ಲಕ್ಕ?"

"ನೀನು ಕೇಳ್ಲಿಲ್ಲ. ಬೈತಾನೇ ಇದ್ದೆಯಲ್ಲ, ಮಧ್ಯೆ ಎಲ್ಲಿ ಹೇಳ್ಲಿ?"

ಜಾಲಿಮರದ ಕೆಳಗೆ ಎಲ್ಲರೂ ನಕ್ಕರು. ನಾನೂ ಅಳುತ್ತಳುತ್ತಲೇ ನಕ್ಕೆ. ಓಲೆ ನಂಪಾಸೊ ಗಂಟಲು ಸರಿಮಾಡಿಕೊಂಡು ನನ್ನ ಕಡೆ ತಿರುಗಿದರು. "ಹಾಗಾದ್ರೆ ನೀನೇ ಹೇಳು ತಾಯಿ. ಕೊಡ್ತೀಯಾ?"

ನಲವತ್ತು ಮನೆಯವರು ನನ್ನ ಬಾಯಿ ನೋಡುತ್ತಿದ್ದರು. "ಒಂದು ಸರದಿ ನಾನೇ ಕೂತು ಬರ್ತೀನಿ. ಆಮೇಲೆ ಹೇಳ್ತೀನಿ," ಎಂದೆ.

ಮಾರನೆಯ ಬೆಳಗ್ಗೆ ನಾವಿಬ್ಬರೇ ಹೋದೆವು. ಇಪ್ಪತ್ತೆಂಟು ವರ್ಷದ ಮೇಲೆ ಆ ದಾರಿ ತುಳಿದೆ. ಎಷ್ಟು ದೂರ ಎಂಬುದು ಆಗ ಕಾಲಿಗೆ ತಿಳಿಯಿತು. ಒಳಕುಳಿಯಿಂದ ಹಬೆ ಎದ್ದು ಬೆಳಕಿನ ಕಡೆ ವಾಲುತ್ತಿತ್ತು. ಅವಳು ಕೂತು ಕೂತು ನಯವಾಗಿದ್ದ ಕಲ್ಲಿನ ಮೇಲೆ ನನ್ನನ್ನು ಕೂರಿಸಿ, ಬುರುಡೆ ಹಿಡಿಸಿ, ಸೂಜಿ ದಾರ ಕೈಗೆ ಕೊಟ್ಟಳು. ಮಡಚದ ಬೆರಳಲ್ಲಿ ಮಣಿ ನಿಲ್ಲುತ್ತಿರಲಿಲ್ಲ. ಎರಡು ಕೆಂಪಿನ ನಡುವೆ ಒಮ್ಮೆ ಹದಿಮೂರು, ಒಮ್ಮೆ ಏಳು, ಒಮ್ಮೆ ಇಪ್ಪತ್ತು.

ನೂಂಕಿಪಾ ಇಣುಕಿ ನೋಡಿದಳು. "ಅಯ್ಯೋ, ಇದನ್ನ ಆ ಹುಡುಗಿಗೆ ತೋರಿಸ್ಬೇಡ. ಬೆಟ್ಟಕ್ಕೆ ಜ್ವರ ಬಂದಿದೆ ಅಂತ ಹೆದರ್ಕೊಂಡಾಳು."

"ಬಾಯಿ ಮುಚ್ಕೊಂಡು ಕೂತ್ಕೋ ಅಕ್ಕ. ಎಣಿಕೆ ತಪ್ಪುತ್ತೆ."

ಡಬ್ಬ ತುಂಬಿತು. ದಾರದ ತುದಿಗೆ ಗುರುತಿನ ಮಣಿ ಹಾಕುವ ಹೊತ್ತಿಗೆ ಅವಳು ಅಂಗೈಯಲ್ಲಿ ನೀಲಿ ಹಿಡಿದಳು. ನಾನು ಅದನ್ನು ಬಿಟ್ಟು ಅವಳ ಪೊಟ್ಟಣದಿಂದ ಹಸಿರು ಹುಡುಕಿ ತೆಗೆದೆ.

"ತಪ್ಪು ಮಣಿ ಕಣೇ ಅದು. ಸರದಿ ನಿಂದು."

"ಸರಿಯಾಗೇ ಇದೆ," ಎಂದು ಸರವನ್ನು ಅವಳ ಕೊರಳಿಗೆ ಕಟ್ಟಿದೆ.

ಅವಳು ನನ್ನ ಸುಟ್ಟ ಕೈಯನ್ನು ಹಿಡಿದು ನಮ್ಮ ಹಿರಿಯರ ಪದ್ಧತಿಯಂತೆ ಅಂಗೈಗೆ ಮೆಲ್ಲಗೆ ಉಗುಳಿ ಹರಸಿದಳು, ಸಿಲಾಂತೋಯಿ ಹುಟ್ಟಿದ ದಿನ ಮಗುವಿನ ನೆತ್ತಿಗೆ ಉಗುಳಿದಂತೆಯೇ. ಬೆಟ್ಟ ಇಳಿದು ಬಂದು ನಾನು ಓಲೆ ನಂಪಾಸೊಗೆ ಒಪ್ಪಿಗೆ ಹೇಳಿದೆ, ಒಂದು ಷರತ್ತಿನ ಮೇಲೆ. ನೈರೋಬಿಗೆ ತಂತಿ ಎಳೆಯುವ ಮೊದಲು ಆ ಬಾವಿಯ ಹಬೆಯನ್ನು ತಣಿಸಿ ನಮ್ಮ ಮನೆಗಳಿಗೆ ನಲ್ಲಿ ಎಳೆಯಬೇಕು. ಕಂಪನಿಯವರು ಗೊಣಗಿದರು, ಕವಿನ್ಯಾ ಬರೆದುಕೊಂಡಳು, ಕೊನೆಗೆ ಸಹಿ ಬಿತ್ತು.

ಯಂತ್ರ ಇನ್ನೂ ಬಂದಿಲ್ಲ, ಆಚೆ ಕಡೆಯಿಂದ ರಸ್ತೆ ಮಾಡುತ್ತಿದ್ದಾರೆ. ಡೇರೆಬಯಲಿಗೆ ಹೋದ ವಾರ ಹದಿಮೂರು ಡೇರೆ ಬಿದ್ದವು. ಅವರಲ್ಲಿ ಒಬ್ಬಳು ನೂಂಕಿಪಾಳ ಕೊರಳಿನ ಆ ಅಡ್ಡಾದಿಡ್ಡಿ ಸರವನ್ನು ನೋಡಿ, ಇಷ್ಟು ಚೆಂದದ್ದು ಎಲ್ಲೂ ನೋಡಿಲ್ಲ, ಎಷ್ಟಕ್ಕೆ ಕೊಡ್ತೀರಿ ಎಂದು ಕೇಳಿದಳಂತೆ. ಮಾರೋದಲ್ಲ ಎಂದಳಂತೆ ನಮ್ಮಕ್ಕ.